ಒಂದು ಹೋದರೆ ಇನ್ನೊಂದಿದೆಯಲ್ಲ

ಎರಡು ಪ್ರಾಣಿಗಳಿವೆ ಅಂದುಕೊಳ್ಳಿ. ನೋಡೋಕೆ ಒಂದೇ ಥರ. ಬಣ್ಣ ಒಂದೇ, ಗಾತ್ರ ಒಂದೇ, ತಿನ್ನೋ ಹುಲ್ಲು ಒಂದೇ, ಹಗಲು ಮಲಗೋದಕ್ಕೂ ಒಂದೇ ಥರದ ಬಂಡೆಸಂದಿ ಬೇಕು. ವರ್ಷಗಟ್ಟಲೆ ಇವುಗಳನ್ನೇ ಅಧ್ಯಯನ ಮಾಡಿದ ವಿಜ್ಞಾನಿಯ ಮುಂದೆ ಎರಡನ್ನೂ ತಂದು ಕೂರಿಸಿದರೂ, ಬರೀ ನೋಡಿ ಇದು ಯಾವುದು ಅದು ಯಾವುದು ಅಂತ ಅವರು ಖಚಿತವಾಗಿ ಹೇಳಲಾರರು. ಈಗ ಅವೆರಡರಲ್ಲಿ ಒಂದು ಪ್ರಭೇದ ಭೂಮಿಯಿಂದ ಪೂರ್ತಿ ಅಳಿದುಹೋಯಿತು ಅನ್ನಿ. ಇನ್ನೊಂದು ಇದೆ. ಹಾಗಾದರೆ ಕಳೆದುಹೋದದ್ದು ಏನು?

ಇದು ಫಿಲಾಸಫಿ ಕ್ಲಾಸಿಗೆ ಅಂತ ಹೊಸೆದ ಪ್ರಶ್ನೆ ಅನ್ನಿಸಬಹುದು. ಆದರೆ ಆಸ್ಟ್ರೇಲಿಯಾದ ಈಶಾನ್ಯ ಮೂಲೆಯಲ್ಲಿ, ಕ್ವೀನ್ಸ್‌ಲ್ಯಾಂಡ್ ರಾಜ್ಯದ ಇಂಗಮ್ ಅನ್ನೋ ಕಬ್ಬಿನ ಊರಿನ ಪಶ್ಚಿಮಕ್ಕಿರುವ ಬೆಟ್ಟಗಳಲ್ಲಿ ಇದು ನಿಜವಾದ ಪ್ರಶ್ನೆ. ಅಲ್ಲಿರೋದು ಶಾರ್ಮನ್ ಬಂಡೆ ವಾಲಬಿ. ಮೌಂಟ್ ಕ್ಲಾರೋ ಬಂಡೆ ವಾಲಬಿ ಅಂತಲೂ ಕರೀತಾರೆ.

ವಾಲಬಿ ಅಂದರೆ ಕಾಂಗರೂವಿನ ಚಿಕ್ಕ ದಾಯಾದಿ. ಅದರಲ್ಲೂ ಬಂಡೆ ವಾಲಬಿಗಳದ್ದು ಒಂದು ವಿಶೇಷ ಬದುಕು. ಬಯಲಲ್ಲಿ ಓಡೋ ಕಾಂಗರೂಗಳ ಹಾಗಲ್ಲ, ಇವು ಕಡಿದಾದ ಕಲ್ಲುಬೆಟ್ಟದಲ್ಲೇ ಹುಟ್ಟಿ ಅಲ್ಲೇ ಸಾಯುತ್ತವೆ. ಪಾದದ ಅಡಿ ಒರಟು, ಕಲ್ಲಿನ ಮೇಲೆ ಜಾರದ ಹಾಗೆ. ಬಾಲ ಉದ್ದ, ಜಿಗಿಯುವಾಗ ತೂಕ ಸರಿದೂಗಿಸೋಕೆ. ಹಗಲೆಲ್ಲ ಗುಹೆ, ಬಿರುಕುಗಳಲ್ಲಿ ತಂಪಾಗಿದ್ದು, ಸಂಜೆ ಆದಮೇಲೆ ಇಳಿದು ಬಂದು ಹುಲ್ಲು, ಸೊಪ್ಪು ತಿಂದು ಮತ್ತೆ ಅದೇ ಕಲ್ಲಿಗೆ ವಾಪಸ್. ತಲೆಮಾರುಗಟ್ಟಲೆ ಅದೇ ದಾರಿಯಲ್ಲಿ ಜಿಗಿದೂ ಜಿಗಿದೂ ಬಂಡೆಯ ಕೆಲವು ಜಾಗಗಳು ನುಣುಪಾಗಿ ಹೊಳೆಯೋದುಂಟು, ನಮ್ಮ ಹಳೇ ದೇವಸ್ಥಾನದ ಮೆಟ್ಟಿಲ ಹಾಗೆ.

ಶಾರ್ಮನ್ ವಾಲಬಿ ನಾಲ್ಕು ಕೆ.ಜಿ. ಆಸುಪಾಸಿನ ಪ್ರಾಣಿ, ಮನೆ ಬೆಕ್ಕಿನಷ್ಟು ತೂಕ. ಮೇಲೆ ಬೂದು ಕಂದು, ಹೊಟ್ಟೆಯ ಕಡೆ ಮಸುಕು ಮರಳು ಬಣ್ಣ, ಬಾಲದ ತುದಿಗೆ ಬರುತ್ತಾ ಕಪ್ಪು. ಅದಿರೋದು ಸೀವ್ಯೂ ಮತ್ತು ಕೋಯನ್ ಬೆಟ್ಟಸಾಲುಗಳಲ್ಲಿ ಮಾತ್ರ. ಅದರ ಇಡೀ ವ್ಯಾಪ್ತಿ ಸುಮಾರು 2,000 ಚದರ ಕಿಲೋಮೀಟರ್, ಅಂದರೆ ನಮ್ಮ ಬೆಂಗಳೂರು ನಗರ ಜಿಲ್ಲೆಗಿಂತ ದೊಡ್ಡದಲ್ಲ. ಅಷ್ಟರಲ್ಲೂ ಇಡೀ ನೆಲ ಅದರದ್ದಲ್ಲ. ಅಲ್ಲಲ್ಲಿ ಚದುರಿದ ಕಲ್ಲುಗುಡ್ಡಗಳಷ್ಟೇ. ಬೆಳೆದ ಪ್ರಾಣಿಗಳ ಸಂಖ್ಯೆ ಒಂದು ಸಾವಿರದ ಒಳಗೇ ಅನ್ನೋದು ಅಂದಾಜು. ನಿಮ್ಮ ಅಪಾರ್ಟ್‌ಮೆಂಟ್ ಕಾಂಪ್ಲೆಕ್ಸ್‌ನಲ್ಲಿ ಅದಕ್ಕಿಂತ ಹೆಚ್ಚು ಜನ ಇರಬಹುದು.

ಈ ಪ್ರಾಣಿಗೆ ಉತ್ತರದ ಕಡೆ ಒಬ್ಬ ನೆಂಟ: ಮರೀಬಾ ಬಂಡೆ ವಾಲಬಿ. ದಕ್ಷಿಣದ ಕಡೆ ಇನ್ನೊಬ್ಬ. ಅದರ ಲ್ಯಾಟಿನ್ ಹೆಸರು ಅಸ್ಸಿಮಿಲಿಸ್. ಅರ್ಥ ಏನು ಗೊತ್ತಾ? ಹೋಲುವಂಥದ್ದು ಅಂತ. ಹೆಸರಿಟ್ಟವರಿಗೇ ಗೊತ್ತಿತ್ತು, ಈ ಕುಟುಂಬದಲ್ಲಿ ಎಲ್ಲರ ಮುಖವೂ ಒಂದೇ ಅಂತ. ಈ ಮೂರನ್ನೂ ಕಾಡಿನಲ್ಲಿ ನೋಡಿ ಬೇರ್ಪಡಿಸೋದು ಆಗದ ಮಾತು. ನೋಡಿದ ಪ್ರಾಣಿ ಶಾರ್ಮನ್ ಹೌದೋ ಅಲ್ಲವೋ ಅಂತ ಹೇಳಬೇಕಾದರೆ ಅದು ಯಾವ ಬೆಟ್ಟದ ಮೇಲೆ ನಿಂತಿದೆ ಅಂತ ನೋಡಬೇಕು. ವಿಳಾಸವೇ ಗುರುತು.

ಹಾಗಾದರೆ ಇದು ಬೇರೆ ಪ್ರಭೇದ ಅಂತ ಗೊತ್ತಾಗಿದ್ದಾದರೂ ಹೇಗೆ? ವರ್ಣತಂತುಗಳಿಂದ. ಬಂಡೆ ವಾಲಬಿಗಳ ಪೂರ್ವಜರಲ್ಲಿ ವರ್ಣತಂತುಗಳ ಸಂಖ್ಯೆ 22 ಇತ್ತು. ಕಾಲಕ್ರಮದಲ್ಲಿ ಬೇರೆ ಬೇರೆ ಬೆಟ್ಟಗಳಲ್ಲಿ ಸಿಕ್ಕಿಕೊಂಡ ಗುಂಪುಗಳಲ್ಲಿ ಕೆಲವು ವರ್ಣತಂತುಗಳು ಒಂದಕ್ಕೊಂದು ಅಂಟಿಕೊಂಡವು. ಮರೀಬಾದಲ್ಲಿ ಈಗ ಇರೋದು 18. ಇದನ್ನು ಹೀಗೆ ಯೋಚಿಸಿ: ಎರಡು ಸಂಪುಟಗಳ ಪುಸ್ತಕವನ್ನು ಒಂದೇ ರಟ್ಟಿನೊಳಗೆ ಬೈಂಡ್ ಮಾಡಿದರೆ ಒಳಗಿನ ಕಥೆ ಬದಲಾಗಲ್ಲ. ಆದರೆ ನಿಮ್ಮ ಹತ್ತಿರ ಒಂದನೇ ಮತ್ತು ಎರಡನೇ ಸಂಪುಟ ಸೇರಿದ ಪುಸ್ತಕ ಇದ್ದು, ಪಕ್ಕದವರ ಹತ್ತಿರ ಎರಡನೇ ಮತ್ತು ಮೂರನೇ ಸಂಪುಟ ಸೇರಿದ್ದು ಇದ್ದರೆ, ಇಬ್ಬರೂ ಪುಟಕ್ಕೆ ಪುಟ ಜೋಡಿಸಿ ನೋಡೋಕೆ ಕೂತಾಗ ಗಲಿಬಿಲಿಯಾಗುತ್ತೆ. ವೀರ್ಯಾಣು, ಅಂಡಾಣು ತಯಾರಾಗುವಾಗ ಆಗೋದು ಇಂಥದ್ದೇ ಗಲಿಬಿಲಿ. ಇವುಗಳ ನಡುವೆ ಹುಟ್ಟಿದ ಮಿಶ್ರತಳಿಯ ಗಂಡುಗಳು ಸಾಮಾನ್ಯವಾಗಿ ಬಂಜೆ. ಹೊರಗಿಂದ ಒಂದೇ ಕಂಡರೂ ಒಳಗಡೆ ದಾರಿ ಬೇರೆಯಾಗಿದೆ.

ಇದನ್ನೆಲ್ಲ ಸೂಕ್ಷ್ಮದರ್ಶಕದಡಿ ಬಿಡಿಸಿದವರಲ್ಲಿ ಮುಖ್ಯರು ಜೆಫ್ ಶಾರ್ಮನ್ ಮತ್ತು ಅವರ ಜೊತೆಗಾರರು. 1992ರಲ್ಲಿ ಮಾರ್ಕ್ ಎಲ್ಡ್ರಿಜ್ ಮತ್ತು ರಾಬರ್ಟ್ ಕ್ಲೋಸ್ ಈ ಬೆಟ್ಟದ ವಾಲಬಿಯನ್ನು ಹೊಸ ಪ್ರಭೇದ ಅಂತ ವಿವರಿಸಿ ಅವರ ಹೆಸರನ್ನೇ ಇಟ್ಟರು. ಅಲ್ಲಿಯವರೆಗೂ ಇದು ಪ್ರತ್ಯೇಕ ಪ್ರಭೇದವಾಗಿ ಯಾರ ಪಟ್ಟಿಯಲ್ಲೂ ಇರಲಿಲ್ಲ. ವಾಲಬಿ ಮಾತ್ರ ಇತ್ತು.

ಸರಿ, ಈಗ ಪ್ರಶ್ನೆಗೆ ಬರೋಣ. ಇದನ್ನು ಯಾಕೆ ಉಳಿಸಬೇಕು?

ವನ್ಯಜೀವಿ ಉಳಿಸಬೇಕು ಅನ್ನೋದಕ್ಕೆ ನಾವು ಸಾಮಾನ್ಯವಾಗಿ ಕೊಡೋ ಕಾರಣಗಳು ಎರಡು. ಒಂದು, ಚೆಂದ. ಹುಲಿ ಹೋದರೆ ಕಾಡಿನ ಕಳೆಯೇ ಹೋಯಿತು ಅಂತೀವಿ. ಎರಡು, ಉಪಯೋಗ. ಜೇನು ಹೋದರೆ ಪರಾಗಸ್ಪರ್ಶ ಇಲ್ಲ, ಹದ್ದು ಹೋದರೆ ಸತ್ತ ದನ ಕೊಳೆಯುತ್ತೆ, ಹೀಗೆ. ಶಾರ್ಮನ್ ವಾಲಬಿಯ ಮುಂದೆ ಈ ಎರಡೂ ಕಾರಣಗಳು ತಲೆ ತಗ್ಗಿಸಿ ನಿಲ್ಲುತ್ತವೆ. ಅದು ಚೆಂದವೇ, ಅನುಮಾನ ಇಲ್ಲ. ಆದರೆ ಪಕ್ಕದ ಬೆಟ್ಟದ್ದೂ ಅಷ್ಟೇ ಚೆಂದ, ಅದೇ ಚೆಂದ. ಉಪಯೋಗ ಅಂತ ನೋಡಿದರೆ, ಹುಲ್ಲು ಮೇಯೋದು, ಹೆಬ್ಬಾವಿಗೋ ಡಿಂಗೋ ನಾಯಿಗೋ ಆಹಾರ ಆಗೋದು ಇವನ್ನೆಲ್ಲ ಆ ನೆಂಟನೂ ಮಾಡಬಲ್ಲ. ಶಾರ್ಮನ್ ಹೋದ ಜಾಗಕ್ಕೆ ನಿಧಾನವಾಗಿ ಅವನೇ ಬಂದು ಸೇರಿದರೆ ಬೆಟ್ಟಕ್ಕೂ ಗೊತ್ತಾಗದೇ ಇರಬಹುದು. ಪ್ರವಾಸಿಗಂತೂ ಗೊತ್ತಾಗೋದೇ ಇಲ್ಲ.

ಅದಕ್ಕೇ ಈ ಪ್ರಾಣಿ ನನಗೆ ಮುಖ್ಯ ಅನ್ನಿಸೋದು. ಹುಲಿಯ ವಿಷಯದಲ್ಲಿ ನಮ್ಮ ಕಾರಣಗಳು ಎಷ್ಟು ಗಟ್ಟಿ ಅಂತ ಯಾವತ್ತೂ ಪರೀಕ್ಷೆಗೆ ಬರೋದೇ ಇಲ್ಲ; ಹುಲಿಯೇ ನಮ್ಮ ಪರವಾಗಿ ವಾದ ಮಾಡಿಬಿಡುತ್ತೆ. ಇಲ್ಲಿ ನಾವೇ ಬಾಯಿ ಬಿಡಬೇಕು.

ಬಾಯಿ ಬಿಡುವ ಮುಂಚೆ ಎದುರು ಪಕ್ಷದ ಅತ್ಯಂತ ಬಲವಾದ ವಾದ ಕೇಳೋಣ. ಅದನ್ನು ಕೊಟ್ಟವರು ಪರಿಸರದ ವೈರಿಯಲ್ಲ, ಮಾರ್ಟಿನ್ ವೈಟ್ಸ್‌ಮನ್ ಅನ್ನೋ ಅಮೆರಿಕದ ಅರ್ಥಶಾಸ್ತ್ರಜ್ಞ. 1998ರಲ್ಲಿ ಅವರೊಂದು ಪ್ರಬಂಧ ಬರೆದರು. ನೋವಾನ ಹಡಗಿನ ಸಮಸ್ಯೆ ಅಂತ ಅದರ ಹೆಸರು. ಹಡಗಿನಲ್ಲಿ ಜಾಗ ಕಡಿಮೆ. ಎಲ್ಲರನ್ನೂ ಹತ್ತಿಸೋಕಾಗಲ್ಲ. ಯಾರನ್ನು ಹತ್ತಿಸಿಕೊಳ್ಳಬೇಕು? ಸ್ಥೂಲವಾಗಿ ಅವರ ಉತ್ತರ ಇದು: ಒಂದು ಪ್ರಭೇದ ಉಳಿದವಕ್ಕಿಂತ ಎಷ್ಟು ಬೇರೆ, ಅದರಿಂದ ನಮಗೆ ಎಷ್ಟು ಪ್ರಯೋಜನ, ನಾವು ಕೈ ಹಾಕಿದರೆ ಅದು ಬದುಕೋ ಸಾಧ್ಯತೆ ಎಷ್ಟು ಹೆಚ್ಚುತ್ತೆ, ಅದಕ್ಕೆ ಎಷ್ಟು ಖರ್ಚು, ಇವುಗಳ ಲೆಕ್ಕ ಹಾಕಿ. ಹತ್ತಿರದ ನೆಂಟರು ಯಾರೂ ಇಲ್ಲದ ಒಂಟಿ ಪ್ರಭೇದಕ್ಕೆ ತೂಕ ಜಾಸ್ತಿ, ಏಕೆಂದರೆ ಅದರ ಜೊತೆ ಒಂದು ಇಡೀ ಕೊಂಬೆ ಹೋಗುತ್ತೆ. ಲಂಡನ್ ಝೂಲಾಜಿಕಲ್ ಸೊಸೈಟಿ 2007ರಲ್ಲಿ ಶುರು ಮಾಡಿದ ಎಡ್ಜ್ ಅನ್ನೋ ಕಾರ್ಯಕ್ರಮದಲ್ಲೂ ಹೀಗೆ ವಿಕಾಸದ ಮರದಲ್ಲಿ ಒಂಟಿಯಾಗಿ ನಿಂತ, ಅಪಾಯದಲ್ಲಿರೋ ಪ್ರಾಣಿಗಳಿಗೇ ಮೊದಲ ಮಣೆ.

ಈ ಲೆಕ್ಕದಲ್ಲಿ ಶಾರ್ಮನ್ ವಾಲಬಿಯ ಅಂಕ ಕಡಿಮೆಯೇ. ಅದಕ್ಕೆ ನೆಂಟರು ಬೇಕಾದಷ್ಟು. ಕೇಪ್ ಯಾರ್ಕ್‌ನಿಂದ ವಿಕ್ಟೋರಿಯಾವರೆಗೆ ಆಸ್ಟ್ರೇಲಿಯಾದ ಪೂರ್ವ ಅಂಚಿನಲ್ಲಿ ಸರಪಳಿಯ ಹಾಗೆ ಹಬ್ಬಿರೋ ಎಂಟು ಪ್ರಭೇದಗಳ ಗುಂಪು ಅದು. ಭೂಮಿಯ ವಯಸ್ಸಿನ ಲೆಕ್ಕದಲ್ಲಿ ಇವೆಲ್ಲ ನಿನ್ನೆ ಮೊನ್ನೆ ಬೇರೆ ಬೇರೆ ಮನೆ ಮಾಡಿಕೊಂಡವು. ಒಂದು ಹೋದರೆ ಮರದ ಒಂದು ಚಿಗುರು ಹೋದಹಾಗೆ ಅಷ್ಟೇ.

ದುಡ್ಡು ಹಂಚೋ ಸೂತ್ರವಾಗಿ ಇದು ತಪ್ಪು ಅಂತ ನನಗೆ ಅನ್ನಿಸಲ್ಲ. ಕೈಯಲ್ಲಿ ನೂರು ರೂಪಾಯಿ ಇದ್ದಾಗ ಯಾರಿಗೆ ಮೊದಲು ಅಂತ ಯೋಚಿಸಲೇಬೇಕು. ಆದರೆ ಈ ಲೆಕ್ಕ ಬಹಳ ಬೇಗ ಇನ್ನೊಂದು ವೇಷ ಹಾಕಿಕೊಳ್ಳುತ್ತೆ. 'ಇದಕ್ಕೆ ಕೊಡೋಕೆ ನಮ್ಮ ಹತ್ತಿರ ದುಡ್ಡಿಲ್ಲ' ಅನ್ನೋದು 'ಇದು ಹೋದರೂ ಪರವಾಗಿಲ್ಲ' ಆಗುತ್ತೆ. ಅಲ್ಲಿಂದ 'ಇದನ್ನು ತೆಗೆದರೂ ಪರವಾಗಿಲ್ಲ' ಅನ್ನೋದಕ್ಕೆ ಒಂದೇ ಹೆಜ್ಜೆ. ಮೊದಲನೆಯದು ಬಡತನ, ಕೊನೆಯದು ಅಪ್ಪಣೆ. ಸಹಾಯ ಮಾಡೋಕಾಗದೇ ಇರೋದೂ, ಮುಗಿಸೋಕೆ ಹಕ್ಕಿದೆ ಅನ್ನೋದೂ ಒಂದೇ ಅಲ್ಲ.

ಇನ್ನೂ ಒಂದು ತೊಡಕಿದೆ. 'ಇದರ ಥರದ್ದು ಇನ್ನೊಂದಿದೆಯಲ್ಲ' ಅನ್ನೋ ವಾದವನ್ನು ಒಂದೊಂದರ ಮೇಲೂ ಪ್ರಯೋಗಿಸಿ ನೋಡಿ. ಶಾರ್ಮನ್ ಹೋದರೆ ಮರೀಬಾ ಇದೆ. ಮರೀಬಾ ಹೋದರೆ ಗಾಡ್‌ಮನ್ ಇದೆ. ಅದು ಹೋದರೆ ಅಸ್ಸಿಮಿಲಿಸ್ ಇದೆ. ಎಂಟರಲ್ಲಿ ಯಾವುದನ್ನೇ ಕೇಳಿ, ಉಳಿದ ಏಳು ಇವೆ ಅನ್ನೋ ಕಾರಣಕ್ಕೆ ಅದು ಹೆಚ್ಚುವರಿ. ಹೀಗೆ ಎಂಟೂ ಹೆಚ್ಚುವರಿಗಳೇ. ಕೊನೆಯದೊಂದು ಉಳಿದಾಗ ಮಾತ್ರ ಅಯ್ಯೋ ಇದೊಂದೇ ಇರೋದು ಅಂತ ಓಡಿ ಬರ್ತೀವಿ. ವೈಟ್ಸ್‌ಮನ್ ಅವರ ಲೆಕ್ಕದಲ್ಲಿ ಒಂದು ಹೋದಹಾಗೆಲ್ಲ ಉಳಿದವುಗಳ ತೂಕ ಏರುತ್ತೆ, ನಿಜ. ಆದರೆ ಜಗತ್ತು ಒಬ್ಬನೇ ಒಂದೇ ಪಟ್ಟಿ ಇಟ್ಟುಕೊಂಡು ನಡೆಸೋ ಆಫೀಸಲ್ಲ. ಒಂದು ಬೆಟ್ಟದಲ್ಲಿ ರಸ್ತೆ ಮಾಡುವವನಿಗೆ ಇನ್ನೊಂದು ಬೆಟ್ಟದಲ್ಲಿ ದನ ಬಿಡುವವನು ಗೊತ್ತಿಲ್ಲ. ಇಬ್ಬರ ಬಾಯಲ್ಲೂ ಮಾತು ಒಂದೇ: ಆ ಕಡೆ ಇನ್ನೂ ಇದಾವೆ ಬಿಡಿ.

ಇದು ಬರೀ ತರ್ಕ ಅಲ್ಲ, ನಡೆದಿರೋದೇ. ಇದೇ ಗುಂಪಿನ ದಕ್ಷಿಣದ ನೆಂಟ, ಪೊದೆಬಾಲದ ಬಂಡೆ ವಾಲಬಿ, ಒಂದು ಕಾಲಕ್ಕೆ ಎಷ್ಟು ಹೇರಳವಾಗಿತ್ತೆಂದರೆ ಅದನ್ನು ಪೀಡೆ ಅಂತ ಘೋಷಿಸಿ ಕೊಂದವರಿಗೆ ತಲೆಗಿಷ್ಟು ಅಂತ ಬಹುಮಾನ ಕೊಡ್ತಿದ್ದರು. 1884ರಿಂದ 1914ರವರೆಗೆ ನ್ಯೂ ಸೌತ್ ವೇಲ್ಸ್ ರಾಜ್ಯವೊಂದರಲ್ಲೇ ಐದು ಲಕ್ಷಕ್ಕೂ ಹೆಚ್ಚು ಬಹುಮಾನಗಳು ಸಂದಾಯವಾದವು. ಚರ್ಮಕ್ಕೂ ಬೇಡಿಕೆಯಿತ್ತು. ಗುಂಡು ಹೊಡೆದ ಪ್ರತಿಯೊಬ್ಬನಿಗೂ ತಾನು ಕೊಂದದ್ದು ಅಸಂಖ್ಯದಲ್ಲಿ ಒಂದು. ಇವತ್ತು ವಿಕ್ಟೋರಿಯಾದಲ್ಲಿ ಅದೇ ಪ್ರಾಣಿಯನ್ನು ಬೇಲಿಯೊಳಗೆ ಸಾಕಿ, ಮರಿ ಮಾಡಿಸಿ, ಒಂದೊಂದನ್ನೇ ಕಾಡಿಗೆ ಬಿಡೋ ಪರಿಸ್ಥಿತಿ.

ನಮಗೆ, ಅಂದರೆ ಆಫೀಸಿನಲ್ಲಿ ಕೂತು ಬದುಕೋ ಜನಕ್ಕೆ, ಈ ತರ್ಕ ಹೊಸದೇನಲ್ಲ. ನಮ್ಮನ್ನು ರಿಸೋರ್ಸ್ ಅಂತ ಕರೀತಾರೆ. ಪ್ರಾಜೆಕ್ಟಿಗೆ ಎರಡು ರಿಸೋರ್ಸ್ ಬೇಕು, ಒಂದು ರಿಸೋರ್ಸ್ ಬಿಟ್ಟುಹೋಯಿತು, ಬದಲಿ ಸಿಗುತ್ತೆ. ಕೆಲಸದ ಮಟ್ಟಿಗೆ ಅದು ಸುಳ್ಳೂ ಅಲ್ಲ. ನಾನು ಬರೆಯೋ ರಿಪೋರ್ಟನ್ನು ಪಕ್ಕದ ಸೀಟಿನವರೂ ಬರೆಯಬಲ್ಲರು. ಎಕ್ಸೆಲ್ ಶೀಟಿನಲ್ಲಿ ನಾವಿಬ್ಬರೂ ಅಸ್ಸಿಮಿಲಿಸ್‌ಗಳೇ. ಆದರೂ ಆ ಮಾತು ಕೇಳಿದಾಗ ಒಳಗೇನೋ ಚುಚ್ಚುತ್ತಲ್ಲ, ಯಾಕೆ? ಯಾಕೆಂದರೆ ಬದಲಿ ಅನ್ನೋ ಪದಕ್ಕೆ ಅರ್ಥ ಇರೋದು ಒಂದು ಕೆಲಸದ ಸಂಬಂಧದಲ್ಲಿ ಮಾತ್ರ. 'ಯಾತಕ್ಕೆ?' ಅಂತ ಮೊದಲು ಕೇಳಿದರೆ ತಾನೇ 'ಅದಕ್ಕೆ ಬೇರೆ ಯಾರಾದರೂ ಆಗಬಹುದು' ಅನ್ನೋ ಉತ್ತರ ಬರೋದು. ನಾವು ಆ ಕೆಲಸವೂ ಹೌದು, ಆದರೆ ಅಷ್ಟೇ ಅಲ್ಲ.

ವಾಲಬಿಗೆ ಈ ಮಾತು ಇನ್ನೂ ಹೆಚ್ಚು ಒಪ್ಪುತ್ತೆ. ನಾವಾದರೂ ಆ ಕೆಲಸಕ್ಕೆ ಸಹಿ ಹಾಕಿ ಸೇರಿದವರು. ಅದು ಯಾರಿಗಾಗಿಯೂ, ಯಾತಕ್ಕಾಗಿಯೂ ನೇಮಕವಾಗಿ ಆ ಬೆಟ್ಟಕ್ಕೆ ಬಂದದ್ದಲ್ಲ. ಹುಲ್ಲು ಮೇಯೋ ಪೋಸ್ಟು, ನೋಡೋಕೆ ಚೆಂದ ಇರೋ ಪೋಸ್ಟು ಅಂತ ಸೃಷ್ಟಿಸಿ, ಅದರಲ್ಲಿ ಅದನ್ನು ಕೂರಿಸಿ, ಈಗ ಆ ಪೋಸ್ಟಿಗೆ ಬೇರೆಯವರಿದ್ದಾರೆ ಅನ್ನುವವರು ನಾವೇ.

ಇಲ್ಲಿ ಒಂದು ಆಕ್ಷೇಪ ಏಳುತ್ತೆ. ಇಷ್ಟೆಲ್ಲ ಮಾತಾಡ್ತಿರೋದು ಅದು ಬೇರೆ ಪ್ರಭೇದ ಅಂತ ವಿಜ್ಞಾನಿಗಳು ಹೇಳಿದ್ದಕ್ಕೆ ತಾನೇ? ನಾಳೆ ಅವರೇ ಬಂದು, ಇಲ್ಲ, ಇವೆಲ್ಲ ಒಂದೇ ಅಂದರೆ?

ಹಾಗೂ ಆಗೋದುಂಟು. ನ್ಯೂಜಿಲೆಂಡ್‌ನಲ್ಲಿ ಟುವಟಾರ ಅನ್ನೋ ಪ್ರಾಣಿ ಇದೆ, ನೋಡೋಕೆ ಹಲ್ಲಿಯ ಹಾಗಿದ್ದರೂ ಹಲ್ಲಿಯಲ್ಲ. 1990ರಲ್ಲಿ ಸಂಶೋಧಕರು, ಇದರಲ್ಲಿ ಒಂದಲ್ಲ ಎರಡು ಪ್ರಭೇದಗಳಿವೆ, ವರ್ಗೀಕರಣದ ಕಡೆ ಗಮನ ಕೊಡದೇ ಇದ್ದದ್ದರಿಂದ ಪುಟ್ಟ ದ್ವೀಪದಲ್ಲಿರೋ ಒಂದನ್ನು ಕಳೆದುಕೊಳ್ತಾ ಇದ್ದೀವಿ ಅಂತ ಎಚ್ಚರಿಸಿದರು. ಅದರ ರಕ್ಷಣೆಗೆ ವಿಶೇಷ ಗಮನವೂ ಸಿಕ್ಕಿತು. ಸುಮಾರು ಇಪ್ಪತ್ತು ವರ್ಷದ ನಂತರ ಇನ್ನೂ ವಿಸ್ತಾರವಾದ ಜೆನೆಟಿಕ್ ಅಧ್ಯಯನ ಬಂದು, ಇಲ್ಲ, ಇರೋದು ಒಂದೇ ಪ್ರಭೇದ ಅಂತ ತೀರ್ಮಾನವಾಯಿತು. ಬಂಡೆ ವಾಲಬಿಗಳಲ್ಲೂ ಗೆರೆ ಅಷ್ಟೊಂದು ಸ್ವಚ್ಛವಾಗಿಲ್ಲ. ಗಡಿಯಲ್ಲಿ ಅಕ್ಕಪಕ್ಕದ ಪ್ರಭೇದಗಳ ನಡುವೆ ಒಂದಿಷ್ಟು ಬೆರಕೆ ಆಗಿರೋದಕ್ಕೆ ವಂಶವಾಹಿಗಳಲ್ಲೇ ಸಾಕ್ಷಿ ಇದೆ. ಪರಸ್ಪರ ಕೂಡಿ ಸಂತಾನ ಮುಂದುವರಿಸಬಲ್ಲ, ಬೇರೆ ಗುಂಪಿನ ಜೊತೆ ಹಾಗೆ ಬೆರೆಯದ ಗುಂಪೇ ಪ್ರಭೇದ ಅಂತ 1942ರಲ್ಲಿ ಅರ್ನ್ಸ್ಟ್ ಮಾಯರ್ ಕೊಟ್ಟ ವ್ಯಾಖ್ಯೆಗೂ ಇಂಥ ಕಡೆ ಬೆವರು ಬರುತ್ತೆ.

ಆದರೆ ಪುಸ್ತಕದಲ್ಲಿ ಒಂದು ಹೆಸರು ಅಳಿಸಿದ ಮಾತ್ರಕ್ಕೆ ಆ ದ್ವೀಪದ ಟುವಟಾರಗಳಲ್ಲಿ ಏನು ಬದಲಾಯಿತು ಹೇಳಿ? ಏನೂ ಇಲ್ಲ. 1992ರಲ್ಲಿ ಹೆಸರು ಬರೆದಾಗಲೂ ಸೀವ್ಯೂ ಬೆಟ್ಟದ ವಾಲಬಿಗಳಲ್ಲಿ ಏನೂ ಬದಲಾಗಿರಲಿಲ್ಲ. ಪ್ರಭೇದ ಅನ್ನೋದು ನಮ್ಮ ಫೈಲಿನ ಲೇಬಲ್. ಲೇಬಲ್ ಬೇಕು, ಕಾನೂನಿನ ರಕ್ಷಣೆ ಸಿಗೋದು, ದುಡ್ಡು ಬರೋದು ಅದರಿಂದಲೇ. ಆದರೆ ಬೆಲೆ ಇರೋದು ಲೇಬಲ್‌ನಲ್ಲಲ್ಲ, ಲೇಬಲ್ ಯಾವುದರ ಕಡೆ ಬೊಟ್ಟು ಮಾಡ್ತಿದೆಯೋ ಅದರಲ್ಲಿ. ಅಂದರೆ ಆ ಬೆಟ್ಟದಲ್ಲಿ ತಾಯಿಯಿಂದ ಮರಿಗೆ, ಮರಿಯಿಂದ ಅದರ ಮರಿಗೆ ಕಡಿಯದೇ ಬಂದ ಒಂದು ಸಾಲಿನಲ್ಲಿ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅಂತಾರಲ್ಲ, ಇಲ್ಲಿ ಪ್ರಮಾಣಿಸಿ ನೋಡಿದ್ದಕ್ಕೆ ನಮಗೆ ಆ ಸಾಲು ಕಂಡಿತು. ನೋಡದೇ ಇದ್ದಿದ್ದರೂ ಅದು ಅಲ್ಲಿ ಇರುತ್ತಿತ್ತು.

ಇನ್ನೊಂದು ಕಡೆಯಿಂದಲೂ ಗಟ್ಟಿ ಪ್ರಶ್ನೆ ಬರುತ್ತೆ, ಅದೂ ಆಸ್ಟ್ರೇಲಿಯಾದಿಂದಲೇ. ಮೆಲ್ಬರ್ನ್‌ನವರಾದ ಪೀಟರ್ ಸಿಂಗರ್ 1975ರ ತಮ್ಮ 'ಅನಿಮಲ್ ಲಿಬರೇಶನ್' ಪುಸ್ತಕದಿಂದ ಪ್ರಾಣಿಗಳ ಬಗೆಗಿನ ನೈತಿಕ ಚರ್ಚೆಯನ್ನೇ ಬದಲಿಸಿದವರು. ಆ ದಾರಿಯಲ್ಲಿ ಯೋಚಿಸುವವರಿಗೆ ಮುಖ್ಯವಾದದ್ದು ನೋವು ಪಡಬಲ್ಲ ಒಂದೊಂದು ಜೀವ. ಪ್ರಭೇದಕ್ಕೆ ನೋವಾಗಲ್ಲ. ಪ್ರಭೇದ ಹಸಿಯಲ್ಲ, ಹೆದರಲ್ಲ. ಹಸಿಯೋದು, ಹೆದರೋದು ಈ ವಾಲಬಿ, ಆ ವಾಲಬಿ. ಹಾಗೆ ನೋಡಿದರೆ ಕೊನೆಯ ಶಾರ್ಮನ್ ವಾಲಬಿಯ ಸಾವು ಬೇರೆ ಯಾವುದೇ ವಾಲಬಿಯ ಸಾವಿಗಿಂತ ದೊಡ್ಡದಲ್ಲ.

ಇದನ್ನು ಸುಮ್ಮನೆ ತಳ್ಳಿಹಾಕೋಕಾಗಲ್ಲ. ಯಾಕೆಂದರೆ ಆಸ್ಟ್ರೇಲಿಯಾದಲ್ಲಿ ಪ್ರಭೇದ ಉಳಿಸೋ ಕೆಲಸದ ದೊಡ್ಡ ಭಾಗ ಅಂದರೆ ಕೊಲ್ಲೋ ಕೆಲಸ. ಯುರೋಪಿಯನ್ನರ ಜೊತೆ ಬಂದು ಕಾಡು ಸೇರಿದ ಬೆಕ್ಕುಗಳು ಅಲ್ಲಿನ ಚಿಕ್ಕ ಪ್ರಾಣಿಗಳನ್ನು ಮುಗಿಸ್ತಾ ಇವೆ ಅಂತ 2015ರಲ್ಲಿ ಅಲ್ಲಿನ ಸರ್ಕಾರ 2020ರೊಳಗೆ 20 ಲಕ್ಷ ಕಾಡುಬೆಕ್ಕುಗಳನ್ನು ಕೊಲ್ಲೋ ಗುರಿ ಇಟ್ಟುಕೊಂಡಿತು. ಬೆಕ್ಕಿಗೆ ನೋವಾಗುತ್ತೆ, ಅದು ಖಚಿತ. ಪ್ರಭೇದಕ್ಕೆ ನೋವಾಗಲ್ಲ, ಅದೂ ಖಚಿತ. ಹಾಗಾದರೆ ನೋವಾಗದ ಒಂದಕ್ಕಾಗಿ ನೋವಾಗೋ ಇನ್ನೊಂದನ್ನು ಕೊಲ್ಲೋದು ಸರಿಯಾ?

ಸಲೀಸಾದ ಉತ್ತರ ಇಲ್ಲ. ಸರಿ ಅನ್ನುವವರೂ ಬೆಕ್ಕಿನ ನೋವನ್ನು ಸೊನ್ನೆ ಅಂತ ಬರೆಯಬಾರದು. ಸಾವು ಆದಷ್ಟು ನೋವಿಲ್ಲದ್ದಾಗಿರಬೇಕು, ಬೇಲಿಯಿಂದ ಆಗೋದಕ್ಕೆ ವಿಷ ಬಳಸಬಾರದು. ಆದರೆ ನೋವೊಂದೇ ಲೆಕ್ಕ ಅನ್ನೋದನ್ನೂ ನಾನು ಒಪ್ಪಲಾರೆ. ನಿದ್ದೆಯಲ್ಲಿ ನೋವೇ ಇಲ್ಲದೆ ಕೊನೆಯ ಸಾವಿರ ವಾಲಬಿಗಳೂ ಸತ್ತುಹೋದರೆ, ಏನೂ ಆಗಿಲ್ಲ ಅಂತ ಯಾರಿಗಾದರೂ ಅನ್ನಿಸುತ್ತಾ?

ಇದನ್ನು ತುಂಬ ಚೆನ್ನಾಗಿ ಹಿಡಿದವರು ಇನ್ನೊಬ್ಬ ತತ್ತ್ವಜ್ಞಾನಿ, ರಿಚರ್ಡ್ ರೌಟ್ಲಿ. ನ್ಯೂಜಿಲೆಂಡ್‌ನಲ್ಲಿ ಹುಟ್ಟಿ ಆಸ್ಟ್ರೇಲಿಯಾದಲ್ಲಿ ಕೆಲಸ ಮಾಡಿದವರು, ಆಮೇಲೆ ಕಾಡು ಅನ್ನೋ ಅರ್ಥ ಬರೋ ಸಿಲ್ವನ್ ಅಂತ ಹೆಸರನ್ನೇ ಬದಲಿಸಿಕೊಂಡವರು. 1973ರಲ್ಲಿ ಬಲ್ಗೇರಿಯಾದ ವಾರ್ನಾ ನಗರದಲ್ಲಿ ನಡೆದ ವಿಶ್ವ ತತ್ತ್ವಶಾಸ್ತ್ರ ಸಮ್ಮೇಳನದಲ್ಲಿ ಅವರೊಂದು ಕಲ್ಪನೆ ಮುಂದಿಟ್ಟರು. ಪ್ರಪಂಚದಲ್ಲಿ ಒಬ್ಬನೇ ಮನುಷ್ಯ ಉಳಿದಿದ್ದಾನೆ. ಅವನ ನಂತರ ಯಾರೂ ಇಲ್ಲ. ಸಾಯುವ ಮುಂಚೆ ಅವನು ತನ್ನ ಕೈಲಾದಮಟ್ಟಿಗೆ ಗಿಡ, ಮರ, ಪ್ರಾಣಿ ಎಲ್ಲವನ್ನೂ ನಾಶ ಮಾಡುತ್ತಾ ಹೋಗುತ್ತಾನೆ. ಯಾವ ಮನುಷ್ಯನಿಗೂ ಇದರಿಂದ ನಷ್ಟವಿಲ್ಲ. ಆದರೂ ಅವನು ಮಾಡಿದ್ದು ತಪ್ಪು ಅನ್ನಿಸುತ್ತಲ್ಲ? ಅನ್ನಿಸಿದರೆ, ಎಲ್ಲ ಬೆಲೆಯೂ ಮನುಷ್ಯನ ಉಪಯೋಗದಿಂದಲೇ ಬರುತ್ತೆ ಅನ್ನೋ ನಮ್ಮ ನೀತಿಯಲ್ಲೇ ಏನೋ ಕೊರತೆಯಿದೆ.

ಈ ಕಲ್ಪನೆಗೆ ವಾಲಬಿಯನ್ನು ಸೇರಿಸಿ ನೋಡಿ. ಆ ಕೊನೆಯ ಮನುಷ್ಯ ಕೋಯನ್ ಬೆಟ್ಟದ ಬುಡದಲ್ಲಿ ಬಂದೂಕು ಹಿಡಿದು ನಿಂತಿದ್ದಾನೆ. ಬೇಡ ಕಣಯ್ಯ ಅಂದರೆ, 'ಇದರ ಥರದ್ದೇ ದಕ್ಷಿಣದ ಬೆಟ್ಟದಲ್ಲಿದೆ' ಅಂತಾನೆ. ಅವನ ತಪ್ಪು ಅದರಿಂದ ಒಂದು ಗುಲಗಂಜಿಯಷ್ಟಾದರೂ ಕಡಿಮೆಯಾಯಿತಾ? ನನಗಂತೂ ಅನ್ನಿಸಲ್ಲ.

ನಾವು ಕೊನೆಯ ಮನುಷ್ಯರಲ್ಲ, ಒಪ್ಪೋಣ. ನಮಗೆ ಕರೆಂಟು ಬೇಕು, ರಸ್ತೆ ಬೇಕು, ನಮ್ಮ ಮಕ್ಕಳಿಗೆ ಬದುಕಬಲ್ಲ ಹವಾಮಾನ ಬೇಕು. ಶಾರ್ಮನ್ ವಾಲಬಿಯ ಪ್ರಶ್ನೆ ಅಲ್ಲೇ ಬಂದು ನಿಂತಿದೆ. ಅದು ಬದುಕೋ ಮೇಲಿನ ಬರ್ಡೆಕಿನ್ ಪ್ರದೇಶದಲ್ಲಿ ದೊಡ್ಡ ಗಾಳಿ ವಿದ್ಯುತ್ ಯೋಜನೆಯೊಂದರ ಪ್ರಸ್ತಾಪ ಬಂತು. ಕಲ್ಲಿದ್ದಲು ಸುಡೋದು ನಿಲ್ಲಬೇಕಾದರೆ ಗಾಳಿಯಂತ್ರ ಬೇಕೇ ಬೇಕು. ಹವಾಮಾನ ಕೆಟ್ಟರೆ ವಾಲಬಿಗೂ ಉಳಿಗಾಲವಿಲ್ಲ. ಆದರೆ ಗಾಳಿ ಚೆನ್ನಾಗಿ ಬೀಸೋದು ಬೆಟ್ಟದ ನೆತ್ತಿಯಲ್ಲಿ, ಅಷ್ಟೆತ್ತರಕ್ಕೆ ಯಂತ್ರ ಸಾಗಿಸೋಕೆ ಅಗಲವಾದ ರಸ್ತೆ ಬೇಕು, ರಸ್ತೆಗೆ ಕಾಡು ಕಡಿಯಬೇಕು. ವಿರೋಧಿಸಿದವರು ಮುಂದಿಟ್ಟ ಪ್ರಾಣಿಗಳಲ್ಲಿ ಕೋಲಾ, ಮರದಿಂದ ಮರಕ್ಕೆ ತೇಲೋ ಗ್ರೇಟರ್ ಗ್ಲೈಡರ್, ಮತ್ತೆ ಈ ವಾಲಬಿ. ಚರ್ಚೆ ಮುಂದುವರಿದ ಹಾಗೆ ಗಾಳಿಯಂತ್ರಗಳ ಸಂಖ್ಯೆ ಮೊದಲಿನ ಯೋಜನೆಗಿಂತ ಬಹಳ ಕೆಳಗಿಳಿಯಿತು.

ಇಲ್ಲಿ ಒಳ್ಳೆಯವರು ಯಾರು, ಕೆಟ್ಟವರು ಯಾರು ಅಂತ ಸುಲಭವಾಗಿ ಹೇಳೋಕಾಗಲ್ಲ. ಎರಡು ಕಡೆಯೂ ಪರಿಸರದ ಮಾತೇ. ಆದರೆ ಈ ಜಗಳದಿಂದ ಒಂದು ವಿಷಯ ಗಮನಿಸಬೇಕು. ಸಂಖ್ಯೆ ಕೆಳಗಿಳಿಯಿತು ಅಂದರೆ, ಇಳಿಸೋದಕ್ಕೆ ಜಾಗ ಇತ್ತು ಅಂತ. 'ಕರೆಂಟೋ ವಾಲಬಿಯೋ' ಅಂತ ಕಾಣ್ತಿದ್ದ ಪ್ರಶ್ನೆ, ಒತ್ತಿ ಕೇಳಿದಾಗ 'ಈ ನೆತ್ತಿಯೋ ಆ ನೆತ್ತಿಯೋ, ಇಷ್ಟು ಲಾಭವೋ ಅಷ್ಟು ಲಾಭವೋ' ಆಯಿತು. ಅನಿವಾರ್ಯ ಅಂತ ನಾವು ಕರೆಯೋದರಲ್ಲಿ ದೊಡ್ಡ ಪಾಲು ಬರೀ ಅನನುಕೂಲ. ಯಾರೂ ಒತ್ತಿ ಕೇಳದೇ ಇದ್ದಾಗ ಅದು ಅನಿವಾರ್ಯವಾಗಿಯೇ ಉಳಿಯುತ್ತೆ. ನೋಡೋಕೆ ಬೇರೆ ಥರ ಇಲ್ಲದ, ಹೆಸರು ಕೇಳಿರದ ಪ್ರಾಣಿಗಾಗಿ ಒತ್ತಿ ಕೇಳುವವರು ಯಾವಾಗಲೂ ಕಡಿಮೆ.

ಹಾಗಾಗಿ ನನ್ನ ನಿಲುವು ಇಷ್ಟು. ಒಂದು ಪ್ರಭೇದವನ್ನು ಉಳಿಸೋದು ಎಲ್ಲದಕ್ಕಿಂತ ಮೇಲು ಅಂತ ನಾನು ವಾದಿಸ್ತಾ ಇಲ್ಲ. ಜನರ ಜೀವಕ್ಕೂ ಅದಕ್ಕೂ ನಿಜವಾಗಿ ಎದುರುಬದುರು ಬಂದಾಗ ಸೋಲಬೇಕಾದ್ದು ಅದೇ ಆಗಬಹುದು. ಆದರೆ ಹಾಗೆ ಸೋಲಿಸೋಕೆ ಹೊರಟವರು ನಿಜವಾದ ಕಾರಣ ಕೊಡಬೇಕು, ಬೇರೆ ದಾರಿ ಹುಡುಕಿದ್ದೀವಿ ಅಂತ ತೋರಿಸಬೇಕು. ಉಳಿಸಿ ಅನ್ನುವವರು ಅದರ ಉಪಯೋಗ ಸಾಬೀತು ಮಾಡಬೇಕಾಗಿಲ್ಲ. ಮುಗಿಸ್ತೀವಿ ಅನ್ನುವವರು ಮುಗಿಸೋ ಅಗತ್ಯ ಸಾಬೀತು ಮಾಡಬೇಕು. ಯಾಕೆಂದರೆ ಮೊದಲನೆಯವರು ತಪ್ಪಾಗಿದ್ದರೆ ಸ್ವಲ್ಪ ದುಡ್ಡು, ಸ್ವಲ್ಪ ಸಮಯ ಹೋಗುತ್ತೆ. ಎರಡನೆಯವರು ತಪ್ಪಾಗಿದ್ದರೆ ಸರಿಪಡಿಸೋಕೆ ಏನೂ ಉಳಿದಿರಲ್ಲ.

ಆ ಕಾರಣಗಳ ಪಟ್ಟಿಯಲ್ಲಿ 'ಇದರ ಥರದ್ದು ಇನ್ನೊಂದಿದೆಯಲ್ಲ' ಅನ್ನೋದಕ್ಕೆ ಜಾಗವಿಲ್ಲ. ಅದು ವಾಲಬಿಯ ಬಗ್ಗೆ ಏನನ್ನೂ ಹೇಳಲ್ಲ. ನಮ್ಮ ಕಣ್ಣು ಎಲ್ಲಿಯವರೆಗೆ ಹೋಗುತ್ತೆ ಅನ್ನೋದನ್ನಷ್ಟೇ ಹೇಳುತ್ತೆ. ಲೆಕ್ಕದಲ್ಲಿ ದಶಾಂಶ ಬಿಟ್ಟು ರೌಂಡ್ ಆಫ್ ಮಾಡೋದು ನಮ್ಮ ಅನುಕೂಲಕ್ಕೆ. ಬಿಟ್ಟ ದಶಾಂಶ ಇಲ್ಲವೇ ಇಲ್ಲ ಅಂತ ಅದರ ಅರ್ಥ ಅಲ್ಲ. ಇಂಗಮ್‌ನ ಪಶ್ಚಿಮದ ಬೆಟ್ಟಗಳಲ್ಲಿ ಆ ದಶಾಂಶ ಇವತ್ತು ಸಂಜೆಯೂ ಬಿರುಕಿನಿಂದ ಹೊರಗೆ ಬಂದು, ಕಿವಿ ನಿಮಿರಿಸಿ, ಹುಲ್ಲಿಗೆ ಇಳಿಯುತ್ತೆ. ತಾನು ಯಾರ ಥರ ಕಾಣ್ತೀನಿ ಅನ್ನೋ ಚಿಂತೆ ಅದಕ್ಕಿಲ್ಲ.